ಗೇಮ್ ಅನ್‌ಇನ್‌ಸ್ಟಾಲ್ ಮಾಡಿದ ಮೇಲೂ ಫೈಲ್‌ಗಳು ಉಳಿಯುತ್ತವೆಯೇ? ಪೂರ್ತಿ ತೆಗೆಯುವುದು ಹೇಗೆ, ಯಾವುದನ್ನು ಮುಟ್ಟಬಾರದು

“ಗೇಮ್ ಡಿಲೀಟ್ ಮಾಡಿದರೆ ಸಾಲದು, ಅದರ ಬೇರುಗಳು ಕಂಪ್ಯೂಟರಿನಲ್ಲೇ ಉಳಿದು ಸಿಸ್ಟಮ್ ಹಾಳುಮಾಡುತ್ತವೆ. ಕೂಡಲೇ ಈ ಕ್ಲೀನರ್ ಹಾಕಿಕೊಳ್ಳಿ, ಎಲ್ಲ ಗ್ರೂಪ್‌ಗಳಿಗೂ ಕಳಿಸಿ.” ಈ ಧಾಟಿಯ ಸಂದೇಶ ನಿಮ್ಮ ಫೋನಿಗೂ ಬಂದಿರಬಹುದು. ಇದರಲ್ಲಿ ಅರ್ಧ ನಿಜ ಇದೆ. ಉಳಿದ ಅರ್ಧವನ್ನು ನಂಬಿ ಕೈಹಾಕಿದರೆ ನಷ್ಟವಾಗುವುದು ನಿಮಗೇ. ಯಾವುದು ನಿಜ, ಯಾವುದು ಅಲ್ಲ ಎಂಬುದನ್ನು ಒಂದೊಂದಾಗಿ ನೋಡೋಣ.

ಸಂಕ್ಷಿಪ್ತವಾಗಿ

• ಅನ್‌ಇನ್‌ಸ್ಟಾಲ್ ಮಾಡಿದ ಮೇಲೂ ಕೆಲವು ಫೈಲ್‌ಗಳು ಉಳಿಯುವುದು ನಿಜ. ಅವುಗಳಲ್ಲಿ ಕೆಲವನ್ನು ಬೇಕೆಂದೇ ಉಳಿಸಲಾಗುತ್ತದೆ.
• ಸುಮ್ಮನೆ ಬಿದ್ದಿರುವ ಫೈಲ್ ಜಾಗ ತಿನ್ನುತ್ತದೆ. ಅಷ್ಟರಿಂದಲೇ ಕಂಪ್ಯೂಟರ್ ನಿಧಾನವಾಗುವುದಿಲ್ಲ.
• ಅವನ್ನು ತೆಗೆಯಲು ಹೊಸ ಸಾಫ್ಟ್‌ವೇರ್ ಬೇಡ, ಕಂಪ್ಯೂಟರಿನಲ್ಲಿ ಈಗಾಗಲೇ ಇರುವ ಸೌಲಭ್ಯವೇ ಸಾಕು.
• ಫಾರ್ವರ್ಡ್ ಸಂದೇಶದಲ್ಲಿ ಬಂದ ಕ್ಲೀನರ್ ಲಿಂಕ್ ಒತ್ತಬೇಡಿ.

ಡೆಸ್ಕ್‌ಟಾಪ್‌ನ ಐಕಾನ್ ಅಳಿಸಿದರೆ ಗೇಮ್ ಹೋಗುತ್ತದೆಯೇ?

ಇಲ್ಲ. ಡೆಸ್ಕ್‌ಟಾಪ್‌ನಲ್ಲಿ ಕಾಣುವ ಚಿತ್ರ ಬರೀ ಶಾರ್ಟ್‌ಕಟ್, ಅಂದರೆ ಗೇಮ್ ಎಲ್ಲಿದೆ ಎಂದು ತೋರಿಸುವ ಒಂದು ವಿಳಾಸದ ಚೀಟಿ. ಅದರ ಗಾತ್ರ ಕೆಲವೇ ಕೆಬಿ. ವಿಳಾಸದ ಚೀಟಿ ಹರಿದುಹಾಕಿದರೆ ಮನೆ ಬೀಳುವುದಿಲ್ಲ. ಈಗಿನ ದೊಡ್ಡ ಗೇಮ್‌ಗಳಲ್ಲಿ ಹಲವು 100 ಜಿಬಿ ದಾಟುತ್ತವೆ. 256 ಜಿಬಿ ಲ್ಯಾಪ್‌ಟಾಪ್‌ನಲ್ಲಿ ಐಕಾನ್ ಮಾತ್ರ ಅಳಿಸಿ “ಜಾಗವೇ ಸಿಗುತ್ತಿಲ್ಲವಲ್ಲ” ಎಂದು ತಲೆಕೆಡಿಸಿಕೊಳ್ಳುವವರ ತೊಂದರೆಗೆ ಬಹಳ ಸಲ ಕಾರಣ ಇಷ್ಟೇ.

ಗೇಮ್ ಇರುವ ಫೋಲ್ಡರನ್ನೇ ನೇರವಾಗಿ ಡಿಲೀಟ್ ಮಾಡುವುದು ಎರಡನೇ ತಪ್ಪು ದಾರಿ. ಫೋಲ್ಡರ್ ಜೊತೆ ಅನ್‌ಇನ್‌ಸ್ಟಾಲರ್ ಕೂಡ ಹೋಗಿಬಿಡುತ್ತದೆ. ಆಮೇಲೆ ಪಟ್ಟಿಯಲ್ಲಿ ಗೇಮಿನ ಹೆಸರು ಇರುತ್ತದೆ, ತೆಗೆಯಲು ಹೋದರೆ ದೋಷದ ಸಂದೇಶ ಬರುತ್ತದೆ.

ಹಾಗಾದರೆ ಏನೇನು ಉಳಿಯುತ್ತದೆ, ಏಕೆ?

ಒಂದು ಗೇಮ್ ತನ್ನ ಸಾಮಾನನ್ನೆಲ್ಲ ಒಂದೇ ಕಡೆ ಇಡುವುದಿಲ್ಲ. ಮುಖ್ಯ ಫೈಲ್‌ಗಳು ಒಂದು ಕಡೆ, ನೀವು ಆಡಿ ಗಳಿಸಿದ ಪ್ರಗತಿ ಇನ್ನೊಂದು ಕಡೆ, ಸೆಟ್ಟಿಂಗ್‌ಗಳು ಮತ್ತೊಂದು ಕಡೆ ಇರುತ್ತವೆ. ಅನ್‌ಇನ್‌ಸ್ಟಾಲರ್ ಸಾಮಾನ್ಯವಾಗಿ ತಾನು ತಂದು ಹಾಕಿದ ಫೈಲ್‌ಗಳನ್ನು ಮಾತ್ರ ತೆಗೆಯುತ್ತದೆ. ನೀವು ಆಡುವಾಗ ಹುಟ್ಟಿಕೊಂಡ ಫೈಲ್‌ಗಳನ್ನು ಮುಟ್ಟುವುದಿಲ್ಲ. ಇದು ಸೋಮಾರಿತನವಲ್ಲ. ಮೂರು ತಿಂಗಳು ಬಿಟ್ಟು ಮತ್ತೆ ಗೇಮ್ ಹಾಕಿಕೊಂಡರೆ, ನಿಲ್ಲಿಸಿದಲ್ಲಿಂದಲೇ ಆಡಲು ಅನುಕೂಲವಾಗಲಿ ಎಂದು ಬಹುತೇಕ ಗೇಮ್‌ಗಳು ಹೀಗೆ ಮಾಡುತ್ತವೆ.

ವಿಂಡೋಸ್ ಕಂಪ್ಯೂಟರಿನಲ್ಲಿ ಇವು ಸಿಗುವ ಜಾಗಗಳು ಇವು:

• ಡಾಕ್ಯುಮೆಂಟ್ಸ್ ಫೋಲ್ಡರ್. ಇದರೊಳಗೆ ‘ಮೈ ಗೇಮ್ಸ್’ ಎಂಬ ಫೋಲ್ಡರ್ ಅಥವಾ ಗೇಮ್ ಕಂಪನಿಯ ಹೆಸರಿನ ಫೋಲ್ಡರ್ ಇರಬಹುದು. ಉದಾಹರಣೆಗೆ, ಜಿಟಿಎ 5 ಇಲ್ಲಿ ‘ರಾಕ್‌ಸ್ಟಾರ್ ಗೇಮ್ಸ್’ ಫೋಲ್ಡರ್ ಮಾಡಿಕೊಳ್ಳುತ್ತದೆ.
• ಸಿ ಡ್ರೈವ್‌ನಲ್ಲಿ ಯೂಸರ್ಸ್, ಅದರೊಳಗೆ ನಿಮ್ಮ ಹೆಸರಿನ ಫೋಲ್ಡರ್, ಅದರೊಳಗೆ ‘ಆ್ಯಪ್‌ಡೇಟಾ’. ಇದು ಅಡಗಿರುವ ಫೋಲ್ಡರ್. ಇದರಲ್ಲಿ ಲೋಕಲ್, ಲೋಕಲ್‌ಲೋ, ರೋಮಿಂಗ್ ಎಂಬ ಮೂರು ಭಾಗಗಳಿವೆ. ಯೂನಿಟಿ ಎಂಜಿನ್‌ನಲ್ಲಿ ಮಾಡಿದ ಗೇಮ್‌ಗಳು ಹೆಚ್ಚಾಗಿ ಲೋಕಲ್‌ಲೋ ಭಾಗವನ್ನು, ಅನ್‌ರಿಯಲ್ ಎಂಜಿನ್‌ನವು ಲೋಕಲ್ ಭಾಗವನ್ನು ಬಳಸುತ್ತವೆ. ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿ ಕಟ್ಟಿದ ಲೋಕವೆಲ್ಲ ರೋಮಿಂಗ್ ಭಾಗದಲ್ಲಿರುತ್ತದೆ.
• ನಿಮ್ಮ ಹೆಸರಿನ ಫೋಲ್ಡರಿನಲ್ಲೇ ಇರುವ ‘ಸೇವ್ಡ್ ಗೇಮ್ಸ್’.
• ಸಿ ಡ್ರೈವ್‌ನಲ್ಲಿ ಅಡಗಿರುವ ‘ಪ್ರೋಗ್ರಾಮ್‌ಡೇಟಾ’.
• ರಿಜಿಸ್ಟ್ರಿ. ಇದು ವಿಂಡೋಸ್‌ನ ಸೆಟ್ಟಿಂಗ್‌ಗಳ ಲೆಕ್ಕದ ಪುಸ್ತಕ ಇದ್ದಂತೆ. ಗೇಮ್ ಇಲ್ಲಿ ಬರೆದಿಡುವ ಸಾಲುಗಳು ತೀರಾ ಚಿಕ್ಕವು.

ತೆಗೆಯುವ ಮುನ್ನ: ಸೇವ್ ಫೈಲ್ ಜೋಪಾನ

ಅವಸರದಲ್ಲಿ ಎಲ್ಲ ಅಳಿಸಿದವರು ಆಮೇಲೆ ಪಶ್ಚಾತ್ತಾಪ ಪಡುವುದು ಇಲ್ಲೇ. ಅದೇ ಲ್ಯಾಪ್‌ಟಾಪ್‌ನಲ್ಲಿ ತಮ್ಮನೋ ಮಗಳೋ ವರ್ಷಗಟ್ಟಲೆ ಕೂತು ಕಟ್ಟಿದ ಮೈನ್‌ಕ್ರಾಫ್ಟ್ ಊರು ಒಂದೇ ಕ್ಲಿಕ್‌ಗೆ ಹೋಗಿಬಿಡಬಹುದು. ಆದ್ದರಿಂದ ಮನೆಯಲ್ಲಿ ಆ ಕಂಪ್ಯೂಟರ್ ಬಳಸುವ ಎಲ್ಲರನ್ನೂ ಒಮ್ಮೆ ಕೇಳಿ.

“ಸ್ಟೀಮ್‌ನಲ್ಲಿ ಇದ್ದರೆ ಎಲ್ಲ ಕ್ಲೌಡ್‌ನಲ್ಲಿರುತ್ತದೆ” ಎಂಬ ಮಾತು ಪೂರ್ತಿ ಸರಿಯಲ್ಲ. ಸ್ಟೀಮ್ ಕ್ಲೌಡ್ ಎಲ್ಲ ಗೇಮ್‌ಗಳಿಗೂ ಇಲ್ಲ, ಗೇಮ್ ತಯಾರಕರು ಅಳವಡಿಸಿದ್ದರೆ ಮಾತ್ರ ಇರುತ್ತದೆ. ಮೇಲೆ ಹೇಳಿದ ಜಾಗಗಳಲ್ಲಿ ಗೇಮಿನ ಹೆಸರಿರುವ ಫೋಲ್ಡರ್ ಸಿಕ್ಕರೆ, ಅದನ್ನು ಪೆನ್‌ಡ್ರೈವ್‌ಗೆ ಕಾಪಿ ಮಾಡಿಟ್ಟು ಮುಂದುವರಿಯಿರಿ.

ಇನ್ನೊಂದು ಎಚ್ಚರಿಕೆ. ಹಲವು ಲ್ಯಾಪ್‌ಟಾಪ್‌ಗಳಲ್ಲಿ ಡಾಕ್ಯುಮೆಂಟ್ಸ್ ಫೋಲ್ಡರ್ ಒನ್‌ಡ್ರೈವ್‌ಗೆ ಜೋಡಣೆಯಾಗಿರುತ್ತದೆ. ಅಲ್ಲಿ ಅಳಿಸಿದ್ದು ಕ್ಲೌಡ್‌ನಿಂದಲೂ ಅಳಿಯುತ್ತದೆ.

ಸರಿಯಾದ ಕ್ರಮ

1. ಗೇಮ್ ಮತ್ತು ಅದರ ಲಾಂಚರ್ ಎರಡನ್ನೂ ಮುಚ್ಚಿ. ಗಡಿಯಾರದ ಪಕ್ಕದ ಚಿಕ್ಕ ಐಕಾನ್‌ಗಳಲ್ಲೂ ಅದು ಓಡುತ್ತಿಲ್ಲ ಎಂದು ನೋಡಿಕೊಳ್ಳಿ. ಓಡುತ್ತಿರುವ ಫೈಲನ್ನು ವಿಂಡೋಸ್ ಅಳಿಸಲು ಬಿಡುವುದಿಲ್ಲ.

2. ಗೇಮ್ ಎಲ್ಲಿಂದ ಬಂತೋ ಅಲ್ಲಿಂದಲೇ ತೆಗೆಯಿರಿ. ಸ್ಟೀಮ್ ಆದರೆ ಲೈಬ್ರರಿಯಲ್ಲಿ ಗೇಮಿನ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಮ್ಯಾನೇಜ್, ನಂತರ ಅನ್‌ಇನ್‌ಸ್ಟಾಲ್ ಒತ್ತಿ. ಎಪಿಕ್ ಆದರೆ ಲೈಬ್ರರಿಯಲ್ಲಿ ಗೇಮಿನ ಪಕ್ಕದ ಮೂರು ಚುಕ್ಕೆ ಒತ್ತಿ. ಉಳಿದವಕ್ಕೆ ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಆ್ಯಪ್ಸ್, ಇನ್‌ಸ್ಟಾಲ್ಡ್ ಆ್ಯಪ್ಸ್ ದಾರಿ. ವಿಂಡೋಸ್ 10ರಲ್ಲಿ ಇದರ ಹೆಸರು ಆ್ಯಪ್ಸ್ ಆ್ಯಂಡ್ ಫೀಚರ್ಸ್.

3. ಸ್ಟೀಮ್‌ನಲ್ಲಿ ‘ಅನ್‌ಇನ್‌ಸ್ಟಾಲ್’ ಬೇರೆ, ‘ಖಾತೆಯಿಂದ ಶಾಶ್ವತವಾಗಿ ತೆಗೆ’ ಎಂಬುದು ಬೇರೆ. ಮೊದಲನೆಯದರಲ್ಲಿ ಗೇಮ್ ನಿಮ್ಮದಾಗಿಯೇ ಉಳಿಯುತ್ತದೆ, ಬೇಕಾದಾಗ ಮತ್ತೆ ಇಳಿಸಿಕೊಳ್ಳಬಹುದು. ಎರಡನೆಯದರಲ್ಲಿ ದುಡ್ಡು ಕೊಟ್ಟು ಕೊಂಡ ಹಕ್ಕೇ ಹೋಗುತ್ತದೆ. ಹಾಗೆಯೇ ಸ್ಟೀಮ್ ಸಾಫ್ಟ್‌ವೇರನ್ನೇ ಅನ್‌ಇನ್‌ಸ್ಟಾಲ್ ಮಾಡಿದರೆ ಅದರ ಫೋಲ್ಡರಿನಲ್ಲಿರುವ ಎಲ್ಲ ಗೇಮ್‌ಗಳೂ ಒಟ್ಟಿಗೇ ಹೋಗುತ್ತವೆ.

4. ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ.

5. ಫೈಲ್ ಎಕ್ಸ್‌ಪ್ಲೋರರ್ ತೆರೆದು ವ್ಯೂ, ಶೋ, ಹಿಡನ್ ಐಟಮ್ಸ್ ಆಯ್ಕೆ ಮಾಡಿ. ಈಗ ಅಡಗಿದ್ದ ಫೋಲ್ಡರ್‌ಗಳು ಕಾಣುತ್ತವೆ. ಮೇಲೆ ಹೇಳಿದ ಜಾಗಗಳಿಗೆ ಹೋಗಿ ಆ ಗೇಮಿನ ಹೆಸರಿರುವ ಫೋಲ್ಡರನ್ನು ಮಾತ್ರ ಡಿಲೀಟ್ ಮಾಡಿ. ಹೆಸರು ಗುರುತಾಗದಿದ್ದರೆ ಬಿಟ್ಟುಬಿಡಿ. ಕಂಪನಿಯ ಹೆಸರಿನ ಫೋಲ್ಡರ್ ಆಗಿದ್ದರೆ, ಅದರೊಳಗೆ ಅದೇ ಕಂಪನಿಯ ಬೇರೆ ಗೇಮ್ ಇದೆಯೇ ಎಂದು ನೋಡಿ.

6. ಸ್ಟೀಮ್ ಬಳಸುವವರು ಅದರ ‘ಸ್ಟೀಮ್‌ಆ್ಯಪ್ಸ್’ ಫೋಲ್ಡರಿನೊಳಗಿನ ‘ಕಾಮನ್’ ಫೋಲ್ಡರನ್ನೂ ನೋಡಿ. ಮಾಡ್ ಹಾಕಿಕೊಂಡಿದ್ದರೆ ಗೇಮ್ ಹೋದ ಮೇಲೂ ಅವು ಇಲ್ಲಿ ಉಳಿದಿರುತ್ತವೆ. ಕೆಲವೊಮ್ಮೆ ಹಲವು ಜಿಬಿ ಜಾಗ ಸಿಗುವುದು ಇಲ್ಲಿಂದಲೇ.

7. ಸೆಟ್ಟಿಂಗ್ಸ್, ಸಿಸ್ಟಮ್, ಸ್ಟೋರೇಜ್‌ಗೆ ಹೋಗಿ ಟೆಂಪರರಿ ಫೈಲ್ಸ್ ತೆರವು ಮಾಡಿ. ಅಲ್ಲಿನ ಪಟ್ಟಿಯಲ್ಲಿ ‘ಡೌನ್‌ಲೋಡ್ಸ್’ ಕೂಡ ಇರುತ್ತದೆ. ಅದಕ್ಕೆ ಟಿಕ್ ಹಾಕಿದರೆ ನೀವು ಇಳಿಸಿಕೊಂಡ ಅಂಕಪಟ್ಟಿ, ಅರ್ಜಿ, ಫೋಟೋ ಎಲ್ಲವೂ ಹೋಗುತ್ತವೆ. ಟಿಕ್ ನೋಡಿ ಹಾಕಿ.

8. ಒಂದೆರಡು ದಿನ ಕಂಪ್ಯೂಟರ್ ಬಳಸಿ, ಎಲ್ಲ ಸರಿಯಿದ್ದರೆ ರೀಸೈಕಲ್ ಬಿನ್ ಖಾಲಿ ಮಾಡಿ. ಬಿನ್‌ನಲ್ಲಿ ಇರುವವರೆಗೂ ಫೈಲ್ ಜಾಗ ಹಿಡಿದುಕೊಂಡೇ ಇರುತ್ತದೆ.

ಅನ್‌ಇನ್‌ಸ್ಟಾಲ್ ಆಗದೆ ದೋಷ ಬರುತ್ತಿದ್ದರೆ, ಅದಕ್ಕೆಂದೇ ಮೈಕ್ರೋಸಾಫ್ಟ್ ಉಚಿತವಾಗಿ ಕೊಡುವ ಪರಿಹಾರ ಸಾಧನವಿದೆ. ಅದನ್ನು ಮೈಕ್ರೋಸಾಫ್ಟ್‌ನ ಜಾಲತಾಣದಿಂದಲೇ ಇಳಿಸಿಕೊಳ್ಳಿ.

ಮುಟ್ಟಬಾರದವು

ಆ್ಯಪ್‌ಗಳ ಪಟ್ಟಿಯಲ್ಲಿ ‘ಮೈಕ್ರೋಸಾಫ್ಟ್ ವಿಷುವಲ್ ಸಿ ಪ್ಲಸ್ ಪ್ಲಸ್’ ಎಂಬ ಹೆಸರು ಬೇರೆ ಬೇರೆ ವರ್ಷಗಳೊಂದಿಗೆ ಹತ್ತಾರು ಸಲ ಕಾಣಬಹುದು. ಇದು ಗೇಮಿನ ಕಸ ಅಲ್ಲ. ಒಂದೇ ಪಾತ್ರೆಯಲ್ಲಿ ಹಲವರು ಅಡುಗೆ ಮಾಡಿದಂತೆ, ಅನೇಕ ಸಾಫ್ಟ್‌ವೇರ್‌ಗಳು ಇದನ್ನು ಹಂಚಿಕೊಂಡು ಬಳಸುತ್ತವೆ. ಇದನ್ನು ತೆಗೆದರೆ ಸಂಬಂಧವೇ ಇಲ್ಲದ ಬೇರೆ ಸಾಫ್ಟ್‌ವೇರ್ ತೆರೆಯದೆ ನಿಲ್ಲಬಹುದು. ಸಿ ಡ್ರೈವ್‌ನ ‘ವಿಂಡೋಸ್’ ಫೋಲ್ಡರಿನೊಳಗೆ ಕೈಹಾಕುವ ಅಗತ್ಯವಂತೂ ಇಲ್ಲವೇ ಇಲ್ಲ.

ಮಾತು 1: “ಉಳಿದ ಫೈಲ್‌ಗಳಿಂದ ಸಿಸ್ಟಮ್ ನಿಧಾನವಾಗುತ್ತದೆ”

ಭಾಗಶಃ ನಿಜ. ಅಟ್ಟದ ಮೇಲೆ ಇಟ್ಟ ಹಳೆಯ ಟ್ರಂಕಿನಿಂದ ಮನೆಯ ಕರೆಂಟ್ ಬಿಲ್ ಏರುವುದಿಲ್ಲ. ಹಾಗೆಯೇ ಓಡದ ಫೈಲ್ ರ್‍ಯಾಮ್ ಅನ್ನಾಗಲಿ ಪ್ರೊಸೆಸರನ್ನಾಗಲಿ ಬಳಸುವುದಿಲ್ಲ. ಆದರೆ ಡ್ರೈವ್ ಬಹುತೇಕ ತುಂಬಿಹೋಗಿದ್ದರೆ ಕಂಪ್ಯೂಟರ್ ನಿಧಾನವಾಗುತ್ತದೆ, ಅಪ್‌ಡೇಟ್‌ಗಳೂ ನಿಲ್ಲುತ್ತವೆ. ಆಗ ಜಾಗ ಮಾಡಿದರೆ ಪ್ರಯೋಜನವಿದೆ.

ನಿಜಕ್ಕೂ ಗಮನಿಸಬೇಕಾದದ್ದು ಗೇಮ್ ಹೋದ ಮೇಲೂ ಓಡುತ್ತಲೇ ಇರುವ ಸಾಫ್ಟ್‌ವೇರ್‌ಗಳನ್ನು. ಆನ್‌ಲೈನ್ ಗೇಮ್‌ಗಳು ಮೋಸದಾಟ ತಡೆಯಲು ಪ್ರತ್ಯೇಕ ಸಾಫ್ಟ್‌ವೇರ್ ಹಾಕುತ್ತವೆ. 2020ರಲ್ಲಿ ಬಂದ ವ್ಯಾಲೊರಂಟ್ ಗೇಮಿನ ಜೊತೆ ಬರುವ ‘ರಯಟ್ ವ್ಯಾನ್‌ಗಾರ್ಡ್’ ಇದಕ್ಕೆ ಉದಾಹರಣೆ. ಕಂಪ್ಯೂಟರ್ ಆನ್ ಆಗುವಾಗಲೇ ಅದೂ ಶುರುವಾಗುತ್ತದೆ. ಆ್ಯಪ್‌ಗಳ ಪಟ್ಟಿಯಲ್ಲಿ ಅದಕ್ಕೆ ಬೇರೆಯೇ ಹೆಸರಿದ್ದು, ಅದನ್ನು ಪ್ರತ್ಯೇಕವಾಗಿ ಅನ್‌ಇನ್‌ಸ್ಟಾಲ್ ಮಾಡಬೇಕು. ಟಾಸ್ಕ್ ಮ್ಯಾನೇಜರ್‌ನ ಸ್ಟಾರ್ಟ್‌ಅಪ್ ಭಾಗದಲ್ಲಿ ಬೇಡದ ಲಾಂಚರ್‌ಗಳಿದ್ದರೆ ಅವನ್ನೂ ನಿಲ್ಲಿಸಿ.

ಮಾತು 2: “ರಿಜಿಸ್ಟ್ರಿ ಕ್ಲೀನರ್ ಇಲ್ಲದೆ ಪೂರ್ತಿ ಹೋಗುವುದಿಲ್ಲ”

ದಾರಿ ತಪ್ಪಿಸುವ ಮಾತು. ರಿಜಿಸ್ಟ್ರಿಯಲ್ಲಿ ಉಳಿದ ನಾಲ್ಕು ಸಾಲಿನಿಂದ ತೊಂದರೆಯಿಲ್ಲ. ತಪ್ಪು ಸಾಲು ಅಳಿಸಿದರೆ ಮಾತ್ರ ತೊಂದರೆ ದೊಡ್ಡದು. ಇಂಥ ಕ್ಲೀನರ್‌ಗಳ ಬಳಕೆಯನ್ನು ತಾನು ಬೆಂಬಲಿಸುವುದಿಲ್ಲ, ಎಡವಟ್ಟಾದರೆ ವಿಂಡೋಸನ್ನೇ ಮತ್ತೆ ಹಾಕಬೇಕಾಗಬಹುದು ಎಂದು ಮೈಕ್ರೋಸಾಫ್ಟ್ ಕಂಪನಿಯೇ ಹೇಳಿದೆ.

ಹೆಸರಾಂತ ಕ್ಲೀನರ್ ಆದರೂ ಅಪಾಯವೇ ಇಲ್ಲ ಎನ್ನುವಂತಿಲ್ಲ. 2017ರಲ್ಲಿ ಸೈಬರ್ ಕಳ್ಳರು ಜನಪ್ರಿಯ ಸಿಕ್ಲೀನರ್ ಸಾಫ್ಟ್‌ವೇರ್ ಕಂಪನಿಯ ವ್ಯವಸ್ಥೆಯೊಳಗೇ ನುಗ್ಗಿ, ಅದರ 5.33 ಆವೃತ್ತಿಗೆ ದುಷ್ಟ ಕೋಡ್ ಸೇರಿಸಿದ್ದರು. ಕಂಪನಿಯ ಅಧಿಕೃತ ತಾಣದಿಂದಲೇ ಅದು ಸುಮಾರು 22.7 ಲಕ್ಷ ಕಂಪ್ಯೂಟರ್‌ಗಳನ್ನು ತಲುಪಿತು. ಅಧಿಕೃತ ತಾಣದ ಕಥೆಯೇ ಹೀಗಾದರೆ, ಯಾರೋ ಕಳಿಸಿದ ಲಿಂಕಿನಲ್ಲಿ ಏನಿದೆಯೋ ಯಾರಿಗೆ ಗೊತ್ತು?

ಮಾತು 3: “ಈ ಹೆಸರಿನ ಫೈಲ್ ಇದ್ದರೆ ಕೂಡಲೇ ಡಿಲೀಟ್ ಮಾಡಿ”

ಇದು ವಾಟ್ಸಾಪ್‌ಗಿಂತಲೂ ಹಳೆಯ ಆಟ. 2001ರಲ್ಲಿ ಇಮೇಲ್ ಮೂಲಕ ಒಂದು ಎಚ್ಚರಿಕೆ ಹಲವು ದೇಶಗಳಲ್ಲಿ ಹಬ್ಬಿತು. ನಿಮ್ಮ ಕಂಪ್ಯೂಟರಿನಲ್ಲಿ ಇಂಥ ಹೆಸರಿನ ವೈರಸ್ ಇದೆ, ಹುಡುಕಿ ಅಳಿಸಿ, ಎಲ್ಲರಿಗೂ ತಿಳಿಸಿ ಎಂಬುದು ಅದರ ಸಾರ. ಜನ ಹುಡುಕಿದರು, ಫೈಲ್ ಸಿಕ್ಕಿತು, ಗಾಬರಿಯಿಂದ ಅಳಿಸಿದರು. ಅದು ವೈರಸ್ ಆಗಿರಲಿಲ್ಲ. ಉದ್ದನೆಯ ಫೈಲ್ ಹೆಸರುಗಳನ್ನು ಸರಿಪಡಿಸಲು ವಿಂಡೋಸ್ ಜೊತೆಗೇ ಬರುತ್ತಿದ್ದ ಸಾಧನವಾಗಿತ್ತು. 2002ರಲ್ಲಿ ಇದೇ ನಾಟಕ ಮತ್ತೆ ನಡೆಯಿತು. ಈ ಬಾರಿ ಬಲಿಯಾದದ್ದು ಕರಡಿಮರಿಯ ಐಕಾನ್ ಇದ್ದ ಇನ್ನೊಂದು ವಿಂಡೋಸ್ ಫೈಲ್. ‘ಸಿಸ್ಟಮ್ 32 ಫೋಲ್ಡರ್ ಅಳಿಸಿದರೆ ಕಂಪ್ಯೂಟರ್ ವೇಗವಾಗುತ್ತದೆ’ ಎಂಬ ಕುಚೋದ್ಯವೂ ಇದೇ ಜಾತಿಯದು. ಅದು ವಿಂಡೋಸ್‌ನ ಎದೆಗೂಡು. ಅಳಿಸಿದರೆ ಕಂಪ್ಯೂಟರ್ ಶುರುವಾಗುವುದೇ ಇಲ್ಲ.

ಫೈಲ್ ನಿಮ್ಮ ಕಂಪ್ಯೂಟರಿನಲ್ಲಿ ಸಿಕ್ಕಿತು ಎಂಬುದು ಸಂದೇಶ ನಿಜ ಎನ್ನುವುದಕ್ಕೆ ಸಾಕ್ಷಿಯಲ್ಲ. ಎಲ್ಲರ ಕಂಪ್ಯೂಟರಿನಲ್ಲೂ ಇರುವ ಫೈಲನ್ನೇ ಇಂಥ ಸಂದೇಶಗಳು ಹೆಸರಿಸುತ್ತವೆ.

ಕ್ರ್ಯಾಕ್ ಗೇಮ್ ಆಗಿದ್ದರೆ ವಿಷಯವೇ ಬೇರೆ

ಪುಕ್ಕಟೆಯಾಗಿ ಸಿಗುವ ಕ್ರ್ಯಾಕ್ ಗೇಮ್‌ಗೆ ಮೇಲಿನ ಕ್ರಮ ಸಾಲದು. 2021ರಲ್ಲಿ ಅವಾಸ್ಟ್ ಕಂಪನಿಯ ತಜ್ಞರು ‘ಕ್ರ್ಯಾಕೊನೋಶ್’ ಎಂಬ ದುಷ್ಟ ಸಾಫ್ಟ್‌ವೇರ್ ಬಗ್ಗೆ ವರದಿ ಮಾಡಿದರು. ಜಿಟಿಎ 5, ಫಾರ್ ಕ್ರೈ 5ರಂಥ ಗೇಮ್‌ಗಳ ಕ್ರ್ಯಾಕ್ ಪ್ರತಿಗಳೊಂದಿಗೆ ಬಂದು, ಆ್ಯಂಟಿವೈರಸ್ ಅನ್ನೇ ಕಿತ್ತುಹಾಕಿ, ಕಂಪ್ಯೂಟರಿನ ಶಕ್ತಿ ಬಳಸಿ ಗುಟ್ಟಾಗಿ ಕ್ರಿಪ್ಟೊ ಹಣ ಗಳಿಸುವುದು ಅದರ ಕೆಲಸ. 2,22,000ಕ್ಕೂ ಹೆಚ್ಚು ಕಂಪ್ಯೂಟರ್‌ಗಳಲ್ಲಿ ಅದು ಕಂಡುಬಂದಿತ್ತು. ಗೇಮ್ ತೆಗೆದ ಮಾತ್ರಕ್ಕೆ ಇಂಥದ್ದು ಹೋಗುವುದಿಲ್ಲ. ವಿಂಡೋಸ್ ಸೆಕ್ಯುರಿಟಿಯಲ್ಲಿ ಫುಲ್ ಸ್ಕ್ಯಾನ್ ಮತ್ತು ಆಫ್‌ಲೈನ್ ಸ್ಕ್ಯಾನ್ ಎರಡನ್ನೂ ಮಾಡಿ. ಸೆಕ್ಯುರಿಟಿಯೇ ಆನ್ ಆಗದಿದ್ದರೆ ಫೋಟೋ, ದಾಖಲೆಗಳನ್ನು ಬೇರೆಡೆ ಉಳಿಸಿ ವಿಂಡೋಸ್ ಹೊಸದಾಗಿ ಹಾಕಿಸುವುದೇ ಕ್ಷೇಮ. ಪಾಸ್‌ವರ್ಡ್‌ಗಳನ್ನು ಇನ್ನೊಂದು ಸಾಧನದಿಂದ ಬದಲಿಸಿ.

ಫೋನಿನಲ್ಲಿ ಆಡುವವರು ಗಮನಿಸಿ

ಆ್ಯಂಡ್ರಾಯ್ಡ್‌ನಲ್ಲಿ ಗೇಮ್ ಅನ್‌ಇನ್‌ಸ್ಟಾಲ್ ಮಾಡಿದರೆ ಅದರ ಸ್ವಂತ ಡೇಟಾ ಕೂಡ ಹೋಗುತ್ತದೆ. ಕ್ಲೀನರ್ ಆ್ಯಪ್ ಬೇಕಿಲ್ಲ. ‘ಗೆಸ್ಟ್’ ಆಗಿ ಆಡುತ್ತಿದ್ದರೆ ಪ್ರಗತಿಯೂ ಹೋಗಬಹುದು, ಮೊದಲು ಖಾತೆಗೆ ಜೋಡಿಸಿಕೊಳ್ಳಿ. ಐಫೋನ್‌ನಲ್ಲಿ ‘ಆಫ್‌ಲೋಡ್’ ಮಾಡಿದರೆ ಡೇಟಾ ಉಳಿಯುತ್ತದೆ, ‘ಡಿಲೀಟ್’ ಮಾಡಿದರೆ ಮಾತ್ರ ಹೋಗುತ್ತದೆ.

ಎಲ್ಲಕ್ಕಿಂತ ಮುಖ್ಯವಾದದ್ದು ದುಡ್ಡಿನ ವಿಷಯ. ಗೇಮ್ ಅನ್‌ಇನ್‌ಸ್ಟಾಲ್ ಮಾಡಿದರೆ ಚಂದಾ ರದ್ದಾಗುವುದಿಲ್ಲ. ಗೇಮ್ ಹೋದರೂ ತಿಂಗಳು ತಿಂಗಳು ಹಣ ಕಡಿತವಾಗುತ್ತಲೇ ಇರಬಹುದು. ಪ್ಲೇ ಸ್ಟೋರ್‌ನ ಸಬ್‌ಸ್ಕ್ರಿಪ್ಷನ್ಸ್ ಭಾಗಕ್ಕೆ ಹೋಗಿ ರದ್ದು ಮಾಡಿ. ನಿಮ್ಮ ಯುಪಿಐ ಆ್ಯಪ್‌ನ ಆಟೋಪೇ ಪಟ್ಟಿಯನ್ನೂ ಒಮ್ಮೆ ನೋಡಿ. ಮಕ್ಕಳ ಕೈಗೆ ಫೋನ್ ಕೊಡುವ ಮನೆಗಳಲ್ಲಿ ಈ ಪಟ್ಟಿ ನೋಡಲೇಬೇಕು.

ಫಾರ್ವರ್ಡ್ ಮಾಡುವ ಮುನ್ನ

“ಕೂಡಲೇ ಡಿಲೀಟ್ ಮಾಡಿ”, “ಈ ಲಿಂಕ್‌ನಿಂದ ಇಳಿಸಿಕೊಳ್ಳಿ”, “ಎಲ್ಲರಿಗೂ ಕಳಿಸಿ” ಎಂಬ ಮೂರೂ ಒಂದೇ ಸಂದೇಶದಲ್ಲಿದ್ದರೆ ಅಲ್ಲೇ ನಿಲ್ಲಿಸಿ. ಕಂಪ್ಯೂಟರ್ ಸರಿಮಾಡಿಕೊಡುತ್ತೇವೆ ಎಂದು ಕರೆ ಮಾಡಿ ಸ್ಕ್ರೀನ್ ಹಂಚಿಕೊಳ್ಳಲು ಹೇಳುವವರನ್ನೂ ನಂಬಬೇಡಿ. ಈಗಾಗಲೇ ಹಣ ಹೋಗಿದ್ದರೆ ತಡಮಾಡದೆ ರಾಷ್ಟ್ರೀಯ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಎಷ್ಟು ಬೇಗ ತಿಳಿಸುತ್ತೀರೋ ಹಣ ತಡೆಹಿಡಿಯುವ ಸಾಧ್ಯತೆ ಅಷ್ಟು ಹೆಚ್ಚು.