ಹಗೇವಿನಿಂದ ಕಾಲುವೆಗೆ: ನವಲಗುಂದ ಸೀಮೆಯಲ್ಲಿ ‘ಲೆವಿ’ ಪದದ ಅರ್ಥಚರಿತ್ರೆ

ಇಂಗ್ಲಿಷಿನ ‘ಲೆವಿ’ ಎಂಬ ಎರಡಕ್ಷರದ ಪದ ಧಾರವಾಡ ಜಿಲ್ಲೆಯ ಒಕ್ಕಲುತನದ ಮಾತಿಗೆ ಎರಡು ಬಾರಿ ಬಂದಿದೆ. ಮೊದಲ ಸಲ ಬಂದದ್ದು ಎರಡನೆಯ ಮಹಾಯುದ್ಧ ಕಾಲದ ಧಾನ್ಯ ನಿಯಂತ್ರಣದೊಡನೆ. ಎರಡನೆಯ ಸಲ, ಮಲಪ್ರಭಾ ಕಾಲುವೆಯ ಬೆನ್ನಿಗೇ ಬಂದ ವಸೂಲಿಯೊಡನೆ. 1980ರ ಜುಲೈ 21ರಂದು ನವಲಗುಂದ ಮತ್ತು ನರಗುಂದಗಳಲ್ಲಿ ನಡೆದ ರೈತ ಬಂಡಾಯದ ಪ್ರಸ್ತಾಪ ಬಂದಾಗಲೆಲ್ಲ ಈ ಎರಡನೆಯ ಅರ್ಥವೇ ಮುಂದೆ ನಿಲ್ಲುತ್ತದೆ. ಅದನ್ನು ಮೊದಲನೆಯ ಅರ್ಥದಿಂದ ಬಿಡಿಸಿ ಓದಲು ಬಾರದು ಎಂಬುದು ಈ ಬರಹದ ವಾದ.

ಇಂಗ್ಲಿಷಿನಲ್ಲಿಯೇ ಈ ಪದ ಒಂದೆಡೆ ನೆಲೆನಿಂತಿಲ್ಲ. ಲ್ಯಾಟಿನ್ನಿನ ‘ಲೆವಿಸ್’ ಎಂದರೆ ಹಗುರ. ‘ಲೆವಾರೆ’ ಎಂದರೆ ಹಗುರಮಾಡು, ಎತ್ತು. ಫ್ರೆಂಚಿನ ಮೂಲಕ ಇಂಗ್ಲಿಷಿಗೆ ಬಂದಾಗ ತೆರಿಗೆ ಎತ್ತುವುದಕ್ಕೂ ಸೈನ್ಯ ಕೂಡಿಸುವುದಕ್ಕೂ ಇದೊಂದೇ ಪದವಾಯಿತು. ಕನ್ನಡದಲ್ಲಿಯೂ ವಂತಿಗೆಯನ್ನು ‘ಎತ್ತು’ತ್ತೇವೆ, ಆದರೆ ತೆರಿಗೆಯನ್ನು ‘ಹೇರು’ತ್ತೇವೆ. ಎತ್ತುವುದು ಕೂಡಿಸುವವನ ಕಡೆಯ ಮಾತು, ಹೇರುವುದು ಹೊರುವವನ ಕಡೆಯ ಮಾತು. ಹಗುರ ಎಂಬ ಧಾತುವಿನಿಂದ ಹುಟ್ಟಿದ ಪದವೊಂದು ಹೊರೆಯ ಹೆಸರಾದುದು ಅರ್ಥವಿಕಾಸದ ಸಣ್ಣ ವ್ಯಂಗ್ಯ.

ಬೀದಿಮಾತಿನ ಅರ್ಥಗಳೂ ಇವೆ. ಅಮೆರಿಕದ ಪೆನ್ಸಿಲ್ವೇನಿಯದಲ್ಲಿ 19ನೆಯ ಶತಮಾನದ ಮಧ್ಯದವರೆಗೆ ‘ಲೆವಿ’ ಎಂಬುದು ಒಂದು ಸ್ಪ್ಯಾನಿಷ್ ಬೆಳ್ಳಿ ನಾಣ್ಯದ ಹೆಸರಾಗಿತ್ತು: ಆ ನಾಣ್ಯಕ್ಕೆ ಹನ್ನೊಂದು ಪೆನ್ಸಿನ ಬೆಲೆಯಿದ್ದುದರಿಂದ ‘ಇಲೆವೆನ್‌ಪೆನ್ಸ್’ ಎಂಬುದು ಜನರ ಬಾಯಲ್ಲಿ ಸವೆದು ‘ಲೆವಿ’ಯಾಗಿತ್ತು. ಇದು ರೂಪದಲ್ಲಿ ಮಾತ್ರ ಸಮಾನವಾದ ಬೇರೆ ಪದ. ನಮಗೆ ಹತ್ತಿರದ ಉದಾಹರಣೆ ಝಾರ್ಖಂಡದ ಹಿಂದಿಯಲ್ಲಿದೆ. ಅಲ್ಲಿನ ಪತ್ರಿಕೆಗಳಲ್ಲಿ ‘ಲೇವಿ’ ಎಂದರೆ ಮಾವೋವಾದಿ ಗುಂಪುಗಳು ಗುತ್ತಿಗೆದಾರರಿಂದ ಬೆದರಿಸಿ ಪಡೆಯುವ ಹಣ. ಎಡಪಕ್ಷಗಳಲ್ಲಿ ಸದಸ್ಯನು ತನ್ನ ಆದಾಯದಿಂದ ಪಕ್ಷಕ್ಕೆ ಕೊಡುವ ಪಾಲಿಗೂ ಇದೇ ಹೆಸರಿದೆ. ಒಂದೇ ಪದ ಕಾನೂನಿನ ವಸೂಲಿಗೂ ಕಾನೂನುಬಾಹಿರ ವಸೂಲಿಗೂ ಸಲ್ಲುತ್ತಿರುವಾಗ ಶಿಷ್ಟಾರ್ಥ ಯಾವುದು, ಆಡುನುಡಿಯ ಅರ್ಥ ಯಾವುದು ಎಂಬುದು ಕೋಶಕಾರನೊಬ್ಬನೇ ತೀರ್ಮಾನಿಸುವ ಪ್ರಶ್ನೆಯಾಗಿ ಉಳಿಯುವುದಿಲ್ಲ.

ಈಗ ಧಾರವಾಡಕ್ಕೆ ಬರಬಹುದು. 1943ರ ಬಂಗಾಳದ ಕ್ಷಾಮದ ಹಿನ್ನೆಲೆಯಲ್ಲಿ ದೇಶದಾದ್ಯಂತ ಧಾನ್ಯ ಸಂಗ್ರಹಣೆ ಹಾಗೂ ಪಡಿತರ ವ್ಯವಸ್ಥೆ ಬಿಗಿಗೊಂಡವು. ಆಗ ಧಾರವಾಡ ಜಿಲ್ಲೆ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ಬೆಳೆಗಾರನು ತನ್ನ ಧಾನ್ಯದ ಒಂದು ಪಾಲನ್ನು ಸರ್ಕಾರ ಗೊತ್ತುಪಡಿಸಿದ ಬೆಲೆಗೆ ಕಡ್ಡಾಯವಾಗಿ ಒಪ್ಪಿಸಬೇಕಾದ ಈ ಕ್ರಮದ ಹೆಸರೇ ಲೆವಿ. ಗಮನಿಸಬೇಕಾದ ಸಂಗತಿಯೆಂದರೆ ಇಲ್ಲಿ ಲೆವಿ ಹಣವಲ್ಲ, ಕಾಳು. ಎರೆಸೀಮೆಯಲ್ಲಿ ಬಿಳಿಜೋಳವನ್ನು ನೆಲದೊಳಗಿನ ಹಗೇವಿನಲ್ಲಿ ತುಂಬಿಡುವ ರೂಢಿಯಿತ್ತು. ಬರಗಾಲಕ್ಕೆ ಅದೇ ಆಸರೆ. ಲೆವಿ ಕೈಹಾಕಿದ್ದು ಆ ಆಸರೆಗೆ. ಬೆಲೆ ಕೊಟ್ಟರು ನಿಜ, ಆದರೆ ಬೆಲೆಯನ್ನು ಕಟ್ಟಿದವನು ಬೆಳೆದವನಲ್ಲ.

ಪದದ ವಾಕ್ಯರಚನೆ ಈ ಅನುಭವವನ್ನು ಹಿಡಿದಿಟ್ಟಿದೆ. ‘ಲೆವಿ ಹಾಕು’ ಎಂದರೆ ಸರ್ಕಾರ ವಿಧಿಸುವುದು. ‘ಲೆವಿಗೆ ಹಾಕು’ ಎಂದರೆ ರೈತ ಒಪ್ಪಿಸುವುದು. ಕ್ರಿಯಾಪದ ಒಂದೇ, ಚತುರ್ಥಿ ಪ್ರತ್ಯಯವೊಂದೇ ಕೊಡುವವನನ್ನೂ ಹೇರುವವನನ್ನೂ ಬೇರೆಮಾಡುತ್ತದೆ. ‘ಡೇರಿಗೆ ಹಾಲು ಹಾಕು’ ಎಂಬಲ್ಲಿಯೂ ಇದೇ ರಚನೆಯಿದೆ. ಹಣದ ತೆರಿಗೆಗೆ ಈ ರಚನೆ ಒಗ್ಗದು: ಅದನ್ನು ಹಳೆ ಮೈಸೂರಿನವರು ‘ಕಟ್ಟು’ತ್ತಾರೆ, ಧಾರವಾಡದವರು ಮರಾಠಿಯ ಜಾಡಿನಲ್ಲಿ ‘ತುಂಬು’ತ್ತಾರೆ. ‘ಲೆವಿ ತುಂಬು’ ಎಂಬ ಬಳಕೆ ಸಾಧ್ಯವಾಗಬೇಕಾದರೆ ಪದ ಕಾಳಿನಿಂದ ರೊಕ್ಕಕ್ಕೆ ದಾಟಬೇಕು.

ಆ ದಾಟು ನಡೆದದ್ದು ನೀರಾವರಿಯೊಡನೆ. ಕಣಕುಂಬಿಯಲ್ಲಿ ಹುಟ್ಟುವ ಮಲಪ್ರಭೆಗೆ ಸವದತ್ತಿ ತಾಲೂಕಿನ ನವಿಲುತೀರ್ಥದಲ್ಲಿ ಕಟ್ಟಿದ ಅಣೆಕಟ್ಟಿನಿಂದ 1970ರ ದಶಕದಲ್ಲಿ ನವಲಗುಂದ ಸೀಮೆಗೆ ಕಾಲುವೆ ನೀರು ಬಂತು. ಇದಕ್ಕೆ ಬೇಕಾದ ಕಾನೂನು ಅದಕ್ಕೂ ಮೊದಲೇ ಸಿದ್ಧವಾಗಿತ್ತು. ಮೈಸೂರು ರಾಜ್ಯದ 1957ರ ಕಾಯ್ದೆಯೊಂದರ ಶೀರ್ಷಿಕೆಯಲ್ಲಿ ‘ಲೆವಿ ಆಫ್ ಬೆಟರ್‌ಮೆಂಟ್ ಕಾಂಟ್ರಿಬ್ಯೂಷನ್ ಆಂಡ್ ವಾಟರ್ ರೇಟ್’ ಎಂಬ ಪದಗುಚ್ಛವಿದೆ. ಇಲ್ಲಿ ರೈತ ಕೊಡಬೇಕಾದುದರ ಹೆಸರು ‘ಕಾಂಟ್ರಿಬ್ಯೂಷನ್’, ಅಂದರೆ ವಂತಿಗೆ. ‘ಲೆವಿ’ ಕೇವಲ ಕ್ರಿಯಾನಾಮ, ‘ವಿಧಿಸುವಿಕೆ’ ಎಂಬಷ್ಟೇ ಅದರ ಅರ್ಥ. ಮಾತು ಈ ವ್ಯಾಕರಣವನ್ನು ತಿರುವಿಹಾಕಿತು. ವಂತಿಗೆ ಎಂಬ ಸೌಮ್ಯ ಪದ ಬಿದ್ದುಹೋಯಿತು; ಕ್ರಿಯಾನಾಮ ವಸ್ತುನಾಮವಾಗಿ ‘ಬೆಟರ್‌ಮೆಂಟ್ ಲೆವಿ’ ಉಳಿಯಿತು. ಊರಿನ ಜಾತ್ರೆಗೆ ಪಟ್ಟಿ ಕೊಡುವವರಿಗೆ ವಂತಿಗೆ ಎಂದರೇನೆಂದು ಚೆನ್ನಾಗಿ ತಿಳಿದಿರುತ್ತದೆ. ಒಲ್ಲೆನೆನ್ನಲು ಬಾರದ್ದನ್ನು ಅವರು ವಂತಿಗೆ ಎನ್ನಲಾರರು.

‘ಅಭಿವೃದ್ಧಿ ಕರ’ ಎಂಬ ಪಾರದರ್ಶಕ ಅನುವಾದವೂ ಲಭ್ಯವಿತ್ತು. ಅದನ್ನು ಹಿಂದಿಕ್ಕಿ ಎರವಲು ಪದವೇ ಏಕೆ ಗೆದ್ದಿತು? ‘ಬೆಟರ್‌ಮೆಂಟ್’ ಎಂಬುದರೊಳಗೆ ಒಂದು ಪೂರ್ವಗೃಹೀತವಿದೆ: ನೀರಾವರಿಯಿಂದ ಭೂಮಿಯ ಮೌಲ್ಯ ಹೆಚ್ಚಿದೆ. ‘ಅಭಿವೃದ್ಧಿ ಕರ ಕೊಡುವುದಿಲ್ಲ’ ಎಂದವನು ಅಭಿವೃದ್ಧಿಯಾಗಿದೆ ಎಂಬುದನ್ನು ಅಲ್ಲಗಳೆದಂತಾಗುವುದಿಲ್ಲ. ನಿಷೇಧ ಕರಕ್ಕೆ ತಗಲುತ್ತದೆ, ಅಭಿವೃದ್ಧಿಗೆ ತಗಲುವುದಿಲ್ಲ. ಕಾಲುವೆಯ ಕೊನೆಯಂಚಿನ ಹೊಲಕ್ಕೆ ನೀರೇ ಹತ್ತಿರಲಿಲ್ಲ. ನೀರು ಹತ್ತಿದ ಎರೆಭೂಮಿ ಕೆಲವೆಡೆ ಸವುಳು-ಜವುಳಾಗಿತ್ತು. ಧಾರವಾಡದಲ್ಲಿಯೇ 1972ರಲ್ಲಿ ರೂಪುಗೊಂಡ ವರಲಕ್ಷ್ಮಿ ಹತ್ತಿಯ ಬೆಲೆ ಕುಸಿದಿತ್ತು. ಇಂಥವರ ಬಾಯಲ್ಲಿ ‘ಅಭಿವೃದ್ಧಿ’ ಎಂಬ ಪದ ಸುಲಭವಾಗಿ ಹೊರಡದು. ಇಂಗ್ಲಿಷ್ ಬಾರದವನಿಗೆ ‘ಬೆಟರ್‌ಮೆಂಟ್’ ಬರಿಯ ಗುರುತುಚೀಟಿ, ಈ ಲೆವಿ ಕಾಳಿನ ಲೆವಿಯಲ್ಲ ಎಂದು ಹೇಳುವ ವಿಶೇಷಣ ಮಾತ್ರ. ಪೂರ್ವಗೃಹೀತವನ್ನು ಎರವಲು ಪದ ದಡದಲ್ಲಿಯೇ ಬಿಟ್ಟುಬಂದಿತ್ತು. ಕೇಳುಗನಿಗೆ ಅರ್ಥವಾಗುತ್ತಿದ್ದ ಭಾಗ ‘ಲೆವಿ’. ಅದರ ಅರ್ಥವನ್ನು ಅವನು ಕಾಯ್ದೆಯಲ್ಲಿ ಹುಡುಕಬೇಕಾಗಿರಲಿಲ್ಲ, ಅದು ಅವನ ಮನೆಯ ಹಗೇವಿನಲ್ಲಿತ್ತು.

ಪದದಿಂದ ಬಂಡಾಯವಾಯಿತೆಂದು ನಾನು ಹೇಳುತ್ತಿಲ್ಲ; ಸಾಲ, ಬೆಲೆ, ನೀರು, ಅಧಿಕಾರಿಗಳ ವರ್ತನೆ ಇವೇ ಕಾರಣಗಳು. ಆದರೆ ಬೇರೆಬೇರೆ ಊರುಗಳ, ಬೇರೆಬೇರೆ ನಷ್ಟಗಳ ಜನ ಒಂದೇ ಬೇಡಿಕೆಯನ್ನು ಒಂದೇ ಪದದಲ್ಲಿ ಹೇಳಲು ಆ ಪದ ಮೊದಲೇ ಹದವಾಗಿತ್ತು. ಜುಲೈ 21ರಂದು ಪೊಲೀಸರ ಗುಂಡಿಗೆ ನವಲಗುಂದದಲ್ಲಿ ಬಸಪ್ಪ ಲಕ್ಕುಂಡಿ, ನರಗುಂದದಲ್ಲಿ ಈರಪ್ಪ ಕಡ್ಲಿಕೊಪ್ಪ ಬಲಿಯಾದರು. ನರಗುಂದದಲ್ಲಿ ಪೊಲೀಸ್ ಸಿಬ್ಬಂದಿಯೂ ಪ್ರಾಣ ತೆತ್ತರು. ಗುಂಡೂರಾವ್ ಸರ್ಕಾರ ರಿಯಾಯಿತಿಗಳನ್ನು ಘೋಷಿಸಬೇಕಾಯಿತು. ಅದೇ ವರ್ಷ ರಾಜ್ಯ ರೈತ ಸಂಘ ರೂಪುಗೊಂಡಿತು. ಆ ದಿನವನ್ನು ಇಂದಿಗೂ ರೈತ ಹುತಾತ್ಮ ದಿನವೆಂದು ಆಚರಿಸುತ್ತಾರೆ.

ಕೋಶರಚನೆಗೆ ಇದರಿಂದ ಹುಟ್ಟುವ ಪ್ರಶ್ನೆ ಸಣ್ಣದಲ್ಲ. ‘ಲೆವಿ: ಕರ, ತೆರಿಗೆ’ ಎಂದು ಬರೆದರೆ ಇಂಗ್ಲಿಷ್ ಪದಕ್ಕೆ ಅರ್ಥ ಹೇಳಿದಂತಾಗುತ್ತದೆಯೇ ಹೊರತು ಕನ್ನಡ ಪದಕ್ಕಲ್ಲ. ಕನ್ನಡದ ನಮೂದು ಕಾಳಿನಿಂದ ಆರಂಭವಾಗಬೇಕು: ಸರ್ಕಾರ ತಾನೇ ಕಟ್ಟಿದ ಬೆಲೆಗೆ ಕಡ್ಡಾಯವಾಗಿ ಪಡೆಯುವ ಬೆಳೆಯ ಪಾಲು. ಲೆವಿ ಸಕ್ಕರೆಯೂ ಇದೇ ಅರ್ಥದ ಕವಲು. 2012ರ ಅಕ್ಟೋಬರ್‌ನಿಂದ ತಯಾರಾದ ಸಕ್ಕರೆಗೆ ಆ ಕಟ್ಟು ಇಲ್ಲವಾದ ಮೇಲೆ ಅದನ್ನು ಗತಬಳಕೆ ಎಂದು ಗುರುತಿಸಬಹುದು. ಭೂಮಿಯ ಮೇಲಿನ ವಸೂಲಿ ಎರಡನೆಯ ಅರ್ಥವಾಗಿ, ‘ಮಲಪ್ರಭಾ ಅಚ್ಚುಕಟ್ಟು ಪ್ರದೇಶ, 1980ರ ಸುಮಾರು’ ಎಂಬ ಕಾಲದೇಶ ಸೂಚನೆಯೊಡನೆ ಬರಬೇಕು. ಅದರ ಜೊತೆಗೆ ‘ತುಂಬು’ ಎಂಬ ಕ್ರಿಯಾಪದವನ್ನೂ ಕೊಡಬೇಕು.