ನದಿಯ ದಡದಲ್ಲೇ ನೀರಿಗೆ ಬರ: ಲಂಡನ್ನಿನ ಅಗ್ನಿಶಾಮಕ ದೋಣಿಯ ಕಥೆ



ಮನೆಗೆ ಬೆಂಕಿ ಬಿದ್ದಾಗ ಬಾವಿ ತೋಡಿದರಂತೆ ಎಂಬ ಗಾದೆಯನ್ನು ನಾವೆಲ್ಲ ಕೇಳಿದ್ದೇವೆ. ಆದರೆ ಎದುರಿಗೇ ದೊಡ್ಡ ನದಿ ಹರಿಯುತ್ತಿದ್ದರೂ ಬೆಂಕಿ ಆರಿಸಲು ನೀರು ಸಿಗದೆ ಹೋದ ಘಟನೆ ನಿಮಗೆ ಗೊತ್ತೇ?

ಥೇಮ್ಸ್ ನದಿಯೇ ಲಂಡನ್ ನಗರದ ಬಂದರು. ಅದರ ದಡದುದ್ದಕ್ಕೂ ಸರಕು ತುಂಬಿದ ಗೋದಾಮುಗಳಿದ್ದವು. 18ನೇ ಶತಮಾನದಲ್ಲಿಯೇ ವಿಮಾ ಕಂಪನಿಗಳು ದೋಣಿಗಳ ಮೇಲೆ ಕೈಪಂಪು ಕೂರಿಸಿ ಬೆಂಕಿ ಆರಿಸುವ ಏರ್ಪಾಡು ಮಾಡಿದ್ದವು. 1833ರಲ್ಲಿ ಈ ಕಂಪನಿಗಳು ಒಂದುಗೂಡಿ ಒಂದೇ ಅಗ್ನಿಶಾಮಕ ದಳವನ್ನು ಕಟ್ಟಿದವು. ಎಡಿನ್‌ಬರೋದಲ್ಲಿ ಹೆಸರು ಮಾಡಿದ್ದ ಜೇಮ್ಸ್ ಬ್ರೇಡ್‌ವುಡ್ ಅದರ ಮುಖ್ಯಸ್ಥರಾದರು. 1850ರ ದಶಕದಲ್ಲಿ ದೋಣಿಯ ಮೇಲೆ ಉಗಿಯಂತ್ರದ ಪಂಪು ಬಂದಿತು.

1861ರ ಜೂನ್ 22ರಂದು ಟೂಲಿ ಬೀದಿಯ ಗೋದಾಮಿಗೆ ಬೆಂಕಿ ಬಿದ್ದಿತು. ಒಳಗೆ ಹತ್ತಿ, ಸೆಣಬು, ಸಕ್ಕರೆ, ಪ್ರಾಣಿಕೊಬ್ಬು ತುಂಬಿತ್ತು. ಬೆಂಕಿ ಹರಡದಂತೆ ತಡೆಯಬೇಕಾಗಿದ್ದ ಕಬ್ಬಿಣದ ಬಾಗಿಲುಗಳನ್ನು ಮುಚ್ಚಿರಲೇ ಇಲ್ಲ. ಆ ಹೊತ್ತಿಗೆ ಸಮುದ್ರದ ಇಳಿತದಿಂದಾಗಿ ನದಿಯ ನೀರು ದಡದಿಂದ ದೂರ ಸರಿದಿತ್ತು. ಯಂತ್ರಗಳಿದ್ದವು, ಜನರಿದ್ದರು, ಪಂಪಿಗೆ ಮಾತ್ರ ಬೇಕಾದಷ್ಟು ನೀರು ಎಟುಕಲಿಲ್ಲ. ಕರಗಿದ ಕೊಬ್ಬು ಉರಿಯುತ್ತಲೇ ನದಿಗೆ ಹರಿಯಿತು. ಸಿಬ್ಬಂದಿಯ ನಡುವೆ ಓಡಾಡುತ್ತಿದ್ದ ಬ್ರೇಡ್‌ವುಡ್ ಅವರ ಮೇಲೆ ಗೋಡೆ ಕುಸಿದು ಅವರು ಅಲ್ಲಿಯೇ ಪ್ರಾಣಬಿಟ್ಟರು. ಬೆಂಕಿ ಪೂರ್ತಿ ಆರಲು ಸುಮಾರು ಎರಡು ವಾರ ಹಿಡಿಯಿತು.

ನಷ್ಟದಿಂದ ತತ್ತರಿಸಿದ ವಿಮಾ ಕಂಪನಿಗಳು, ಇಡೀ ನಗರದ ಹೊಣೆ ತಮ್ಮಿಂದಾಗದು ಎಂದು ಸರ್ಕಾರಕ್ಕೆ ತಿಳಿಸಿದವು. 1865ರಲ್ಲಿ ಕಾನೂನು ಬಂದಿತು. 1866ರ ಜನವರಿ 1ರಿಂದ ಲಂಡನ್ನಿಗೆ ಸಾರ್ವಜನಿಕ ಅಗ್ನಿಶಾಮಕ ದಳ ದೊರೆಯಿತು. ಅದರ ಮೊದಲ ಮುಖ್ಯಸ್ಥರು ಮ್ಯಾಸಿ ಶಾ.

1935ರಲ್ಲಿ ನಗರವು ಹೊಸ ದೋಣಿಯೊಂದನ್ನು ಕಟ್ಟಿಸಿ ಅದಕ್ಕೆ ಅವರದೇ ಹೆಸರಿಟ್ಟಿತು. ಡೀಸೆಲ್ ಎಂಜಿನ್ನಿನ ಈ ದೋಣಿಯ ತಳ ನೀರಿನಲ್ಲಿ ಹೆಚ್ಚು ಆಳಕ್ಕೆ ಇಳಿಯುತ್ತಿರಲಿಲ್ಲ. ಆದ್ದರಿಂದ ನೀರು ಇಳಿದಾಗಲೂ ದಡದ ಸಮೀಪಕ್ಕೆ ಹೋಗಬಲ್ಲದಾಗಿತ್ತು. ಎತ್ತರ ಕಡಿಮೆಯಿದ್ದುದರಿಂದ ಸೇತುವೆಗಳ ಕೆಳಗೂ ನುಸುಳುತ್ತಿತ್ತು. 1940ರಲ್ಲಿ ಫ್ರಾನ್ಸಿನ ಡನ್‌ಕರ್ಕ್ ಕಡಲತೀರದಲ್ಲಿ ಸಿಲುಕಿದ್ದ ನೂರಾರು ಸೈನಿಕರನ್ನು ಈ ದೋಣಿ ಪಾರುಮಾಡಿತು. ದೊಡ್ಡ ಹಡಗುಗಳು ಬರಲಾಗದ ತೆಳುನೀರಿನಲ್ಲಿ ಹೆಚ್ಚು ಆಳಕ್ಕಿಳಿಯದ ಅದರ ಒಡಲೇ ವರವಾಯಿತು.

ಆದರೂ ನದಿ ತನ್ನ ನಿಯಮ ಬಿಡಲಿಲ್ಲ. 1940ರ ಡಿಸೆಂಬರ್ 29ರ ರಾತ್ರಿ ಬಾಂಬ್ ದಾಳಿಯಿಂದ ಲಂಡನ್ ಹೊತ್ತಿ ಉರಿದಾಗ ಥೇಮ್ಸ್ ಮತ್ತೆ ಇಳಿದಿತ್ತು. ನೆಲದಡಿಯ ಕೊಳವೆಗಳೂ ಒಡೆದಿದ್ದವು. ಅಗ್ನಿಶಾಮಕ ಸಿಬ್ಬಂದಿ ಕೆಸರಿನಲ್ಲಿಳಿದು ನೀರಿಗಾಗಿ ಹೆಣಗಬೇಕಾಯಿತು.

1971ರವರೆಗೆ ಸೇವೆ ಸಲ್ಲಿಸಿದ ಮ್ಯಾಸಿ ಶಾ ದೋಣಿಯನ್ನು ಮುಂದೆ ಆಸಕ್ತರು ದುರಸ್ತಿ ಮಾಡಿಸಿ ಉಳಿಸಿಕೊಂಡರು.

ಮಿತ್ರರೇ, ಟೂಲಿ ಬೀದಿಯಲ್ಲಿ ಬಾಗಿಲುಗಳಿದ್ದವು, ಆದರೆ ಮುಚ್ಚಿರಲಿಲ್ಲ. ನದಿ ಇತ್ತು, ಆದರೆ ನೀರು ಎಟುಕಲಿಲ್ಲ. ನಮ್ಮ ಶಾಲೆಗಳ ಗೋಡೆಯ ಮೇಲೂ ಕೆಂಪು ಬಕೆಟ್ಟುಗಳು ತೂಗುತ್ತಿರುತ್ತವೆ. ಅವುಗಳಲ್ಲಿ ಮರಳು ಇದೆಯೇ, ಅವು ಮಕ್ಕಳ ಕೈಗೆ ಎಟುಕುತ್ತವೆಯೇ? ನಾಳೆ ಶಾಲೆಗೆ ಹೋದಾಗ ದಯವಿಟ್ಟು ಒಮ್ಮೆ ನೋಡಿ.