ರೇಣುಕಾ ರಾಯ್: ಸಮಾನ ಹಕ್ಕು ಮತ್ತು ಮೀಸಲು ಸ್ಥಾನದ ಪ್ರಶ್ನೆ

ಭಾರತದ ಸಂವಿಧಾನ ಸಭೆಯಲ್ಲಿದ್ದ ಹದಿನೈದು ಮಂದಿ ಮಹಿಳೆಯರಲ್ಲಿ ಬಂಗಾಳದ ಶ್ರೀಮತಿ ರೇಣುಕಾ ರಾಯ್ (1904–1997) ಅವರೂ ಒಬ್ಬರು. ಸ್ತ್ರೀಯರಿಗೆ ಆಸ್ತಿಯ ಹಕ್ಕು ದೊರೆಯಬೇಕೆಂದು ಅನೇಕ ವರ್ಷಗಳ ಕಾಲ ಶ್ರಮಿಸಿದ ಇವರೇ ಶಾಸನಸಭೆಗಳಲ್ಲಿ ಅವರಿಗೆ ಮೀಸಲು ಸ್ಥಾನಗಳು ಬೇಡವೆಂದು ವಾದಿಸಿದರು. ಈ ಎರಡು ನಿಲುವುಗಳೂ ಒಂದೇ ತತ್ತ್ವದಿಂದ ಹೊರಟವು ಎಂಬುದನ್ನು ತೋರಿಸುವುದೇ ನಮ್ಮ ಉದ್ದೇಶ.

1920ರಲ್ಲಿ, ತಮ್ಮ ಹದಿನಾರನೆಯ ವಯಸ್ಸಿನಲ್ಲಿ, ರೇಣುಕಾ ಅವರು ಗಾಂಧೀಜಿಯವರ ಪ್ರಭಾವಕ್ಕೆ ಒಳಗಾದರು. ತರುವಾಯ ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ನಲ್ಲಿ ವ್ಯಾಸಂಗ ಮಾಡಿದರು. ಅಖಿಲ ಭಾರತ ಮಹಿಳಾ ಸಮ್ಮೇಳನದ ಕಾರ್ಯಕರ್ತೆಯಾಗಿ, ಭಾರತೀಯ ಸ್ತ್ರೀಯರಿಗೆ ಕಾನೂನಿನಲ್ಲಿದ್ದ ಅಡಚಣೆಗಳನ್ನು ವಿವರಿಸಿ, ವಿಚಾರಣಾ ಆಯೋಗವೊಂದನ್ನು ನೇಮಿಸಬೇಕೆಂದು ಕೋರುವ ಪುಸ್ತಿಕೆಯನ್ನು 1934ರಲ್ಲಿ ರಚಿಸಿದರು. 1937ರ ಕಾಯಿದೆಯು ಹಿಂದೂ ವಿಧವೆಗೆ ಗಂಡನ ಆಸ್ತಿಯಲ್ಲಿ ಸೀಮಿತ ಹಕ್ಕನ್ನು ಮಾತ್ರ ಕೊಟ್ಟಿತು. ಮಗಳಿಗೆ ಏನೂ ದೊರೆಯಲಿಲ್ಲ. 1941ರಲ್ಲಿ ಮಂಗಳೂರಿನಲ್ಲಿ ಜನಿಸಿದ ಬೆನೆಗಲ್ ನರಸಿಂಗ ರಾಯರ ಅಧ್ಯಕ್ಷತೆಯಲ್ಲಿ ಹಿಂದೂ ನ್ಯಾಯ ಸಮಿತಿಯು ನೇಮಕವಾಯಿತು. ಈ ಸುಧಾರಣೆಗಳು ಚರ್ಚೆಯಲ್ಲಿದ್ದಾಗಲೇ, 1943ರಲ್ಲಿ, ಶ್ರೀಮತಿ ರಾಯ್ ಅವರು ಸ್ತ್ರೀಯರ ಪ್ರತಿನಿಧಿಯಾಗಿ ಕೇಂದ್ರ ಶಾಸನಸಭೆಗೆ ನಾಮಕರಣಗೊಂಡರು.

1935ರ ಭಾರತ ಸರ್ಕಾರದ ಕಾಯಿದೆಯು ಸ್ತ್ರೀಯರಿಗೆ ಕೆಲವು ಸ್ಥಾನಗಳನ್ನು ಮೀಸಲಿರಿಸಿ, ಅವುಗಳನ್ನು ಮತೀಯವಾಗಿಯೂ ವಿಭಾಗಿಸಿತ್ತು. ಪ್ರಮುಖ ಮಹಿಳಾ ಸಂಸ್ಥೆಗಳು ಬಯಸಿದ್ದುದು ಇದನ್ನಲ್ಲ, ವಯಸ್ಕ ಮತಾಧಿಕಾರವನ್ನು. 1947ರ ಜುಲೈ 18ರಂದು ಸಂವಿಧಾನ ಸಭೆಯಲ್ಲಿ ಮಾತನಾಡಿದ ಶ್ರೀಮತಿ ರಾಯ್, ಮೀಸಲಾತಿಯು ಸ್ತ್ರೀಯರ ಬೆಳವಣಿಗೆಗೆ ಅಡ್ಡಿಯೆಂದೂ ಅವರ ಸಾಮರ್ಥ್ಯಕ್ಕೆ ಅವಮಾನವೆಂದೂ ಪ್ರತಿಪಾದಿಸಿದರು. ಕಾನೂನು ಒಡ್ಡಿದ ತಡೆಯನ್ನು ಕಾನೂನೇ ತೆಗೆಯಬೇಕು. ತಡೆ ನೀಗಿದ ಮೇಲೆ ಯೋಗ್ಯತೆಯೇ ಮಾನದಂಡವಾಗಬೇಕು. ಅವರ ಎರಡು ನಿಲುವುಗಳಿಗೂ ಇದೇ ಆಧಾರವೆಂದು ನಾವು ತಿಳಿಯುತ್ತೇವೆ.

ಅವರ ಮುಂದಿನ ಕಾರ್ಯವು ಈ ಯೋಗ್ಯತೆಗೆ ಸಾಕ್ಷಿಯಾಗಿದೆ. 1952ರಿಂದ 1957ರವರೆಗೆ ಪಶ್ಚಿಮ ಬಂಗಾಳದ ಪುನರ್ವಸತಿ ಸಚಿವೆಯಾಗಿ, ಪೂರ್ವ ಪಾಕಿಸ್ತಾನದಿಂದ ಬಂದ ನಿರಾಶ್ರಿತರ ಕಷ್ಟಸಾಧ್ಯವಾದ ಹೊಣೆಯನ್ನು ಹೊತ್ತರು. 1957ರಿಂದ ಹತ್ತು ವರ್ಷ ಮಾಲ್ದಾ ಕ್ಷೇತ್ರದಿಂದ ಲೋಕಸಭೆಯಲ್ಲಿದ್ದರು. ಸಮಾಜಕಲ್ಯಾಣವನ್ನು ಕುರಿತು ಅವರ ನೇತೃತ್ವದ ಸಮಿತಿಯು 1959ರಲ್ಲಿ ವರದಿ ಸಲ್ಲಿಸಿತು. ಆಸ್ತಿಯ ವಿಷಯದಲ್ಲಿ 1956ರ ಹಿಂದೂ ಉತ್ತರಾಧಿಕಾರ ಕಾಯಿದೆಯು ತಂದೆಯ ಸ್ವಯಾರ್ಜಿತದಲ್ಲಿ ಮಗಳಿಗೆ ಸಮಪಾಲು ಕೊಟ್ಟಿತು. ಪಿತ್ರಾರ್ಜಿತದಲ್ಲಿ ದೇಶಾದ್ಯಂತ ಸಮಾನ ಹಕ್ಕು ಬಂದುದು 2005ರಲ್ಲಿ.

ಹೀಗಿದ್ದರೂ ಅವರ ವಾದದಲ್ಲಿ ಒಂದು ಕೊರತೆಯುಂಟು. ಅಭ್ಯರ್ಥಿಗಳನ್ನು ಆರಿಸುವುದು ಕಾನೂನಲ್ಲ, ರಾಜಕೀಯ ಪಕ್ಷಗಳು. ಅಲ್ಲಿಯ ತಡೆಯು ರೂಢಿಯದು. ಅವರೇ ಮೊದಲು ಶಾಸನಸಭೆಯನ್ನು ಪ್ರವೇಶಿಸಿದುದು ನಾಮಕರಣದ ಮೂಲಕ ಎಂಬುದನ್ನೂ ಮರೆಯಲಾಗದು. ಸ್ತ್ರೀಯರಿಗೆ ಮೂರನೆಯ ಒಂದು ಭಾಗ ಸ್ಥಾನಗಳನ್ನು ಮೀಸಲಿಡುವ ಮಸೂದೆಯು 1996ರಲ್ಲಿ ಮಂಡಿತವಾದಾಗ, ಅದನ್ನು ಪರಿಶೀಲಿಸಿದ ಜಂಟಿ ಸಮಿತಿಯ ಅಧ್ಯಕ್ಷರಾಗಿದ್ದವರು ಬಂಗಾಳದವರೇ ಆದ ಗೀತಾ ಮುಖರ್ಜಿ. 2023ರಲ್ಲಿ 106ನೆಯ ತಿದ್ದುಪಡಿಯು ಆ ತತ್ತ್ವವನ್ನು ಅಂಗೀಕರಿಸಿತು. ಶ್ರೀಮತಿ ರಾಯ್ ಅವರು ಸ್ತ್ರೀಯರ ಸಾಮರ್ಥ್ಯದಲ್ಲಿರಿಸಿದ್ದ ನಂಬಿಕೆ ಸುಳ್ಳಾಗಲಿಲ್ಲ. ಪಕ್ಷಗಳ ನ್ಯಾಯಬುದ್ಧಿಯಲ್ಲಿ ಇರಿಸಿದ್ದ ನಂಬಿಕೆಯು ಮಾತ್ರ ಫಲಿಸಲಿಲ್ಲವೆಂದು ನಾವು ಹೇಳಬೇಕಾಗುತ್ತದೆ.